ಮೂರನೇ ಪುಟದ ಐದು ಪದಗಳು

ಶುಕ್ರವಾರ ಮಧ್ಯಾಹ್ನ ಹನ್ನೆರಡು ಗಂಟೆ ನಾಲ್ಕು ನಿಮಿಷಕ್ಕೆ ‘ಹಗಲು’ ಪತ್ರಿಕೆಯ ಮೂರನೇ ಪುಟದಿಂದ ಒಂದು ಸಾಲು ಅಳಿಸಿಹೋಯಿತು. ಐದು ಪದಗಳ ಸಾಲು. ಅದನ್ನು ಬರೆದವಳು ನಾನಲ್ಲ. ಅಚ್ಚಿಗೆ ಕಳಿಸಿದವಳು ನಾನು.

ನಮ್ಮ ಊರಿನಲ್ಲಿ ಸಾಲು ಅಳಿಸಿಹೋಗುವುದು ದೊಡ್ಡ ಸುದ್ದಿಯಲ್ಲ. ‘ಹಗಲು’ ಶುರುವಾಗಿ ತೊಂಬತ್ತು ವರ್ಷ. ಮೊದಲ ಸಂಚಿಕೆಯಿಂದಲೂ ಅದರಲ್ಲಿ ಅಚ್ಚಾದ ನಿಜವಲ್ಲದ ಮಾತು ಅದೇ ದಿನ ಮಧ್ಯಾಹ್ನ ಹನ್ನೆರಡು ದಾಟುತ್ತಿದ್ದಂತೆ ಕಾಗದದಿಂದ ಹೋಗುತ್ತದೆ. ಒಂದು ಪ್ರತಿಯಿಂದ ಹೋದರೆ ಎಲ್ಲ ಪ್ರತಿಗಳಿಂದಲೂ ಹೋಗುತ್ತದೆ. ಆ ಜಾಗ ಖಾಲಿ ಇರುತ್ತದೆ. ಬೇರೆ ಪತ್ರಿಕೆಗಳಿಗೆ ಹೀಗಾಗುವುದಿಲ್ಲ. ಅವನ್ನು ನಮ್ಮವರು ಸಿನಿಮಾ ಪುಟಕ್ಕೆಂದು ಕೊಳ್ಳುತ್ತಾರೆ.

ಊರು ಇದಕ್ಕೆ ಬೇಗ ಹೊಂದಿಕೊಂಡಿತು. ಜನ ಬೆಳಿಗ್ಗೆ ಪತ್ರಿಕೆ ತೆಗೆದುಕೊಂಡು ಮಡಚಿ ಇಡುತ್ತಾರೆ, ಊಟದ ಹೊತ್ತಿಗೆ ಬಿಚ್ಚುತ್ತಾರೆ. ಜವಳಿ ಅಂಗಡಿಯವರು ಮೊದಲು ‘ಊರಿಗೇ ಉತ್ತಮ’ ಎಂದು ಜಾಹೀರಾತು ಕೊಡುತ್ತಿದ್ದರಂತೆ. ಮಧ್ಯಾಹ್ನಕ್ಕೆ ಅಂಗಡಿಯ ವಿಳಾಸವಷ್ಟೇ ಉಳಿಯುತ್ತಿತ್ತು. ಈಗ ಅವರು ವಿಳಾಸ, ಬಾಗಿಲು ತೆರೆಯುವ ವೇಳೆ, ವಾರದ ರಜೆ, ಇಷ್ಟನ್ನೇ ಕೊಡುತ್ತಾರೆ. ನಿಧನದ ಸುದ್ದಿಯಲ್ಲಿ ‘ಎಲ್ಲರ ಪ್ರೀತಿಗೆ ಪಾತ್ರರಾಗಿದ್ದ’ ಎಂದು ಬರೆಸುವ ಧೈರ್ಯ ನಾನು ಕೆಲಸಕ್ಕೆ ಸೇರಿದ ಮೇಲೆ ಇಬ್ಬರೇ ಮಾಡಿದ್ದಾರೆ. ಒಂದು ಉಳಿಯಿತು. ರಾಶಿಫಲವನ್ನು ಮೂರು ದಿನ ಹಾಕಿ ನಿಲ್ಲಿಸಲಾಯಿತು.

ಪತ್ರಿಕೆಯನ್ನು ಶುರು ಮಾಡಿದವರು ಬಸವಂತಪ್ಪನವರು. ಗಾಣದ ಅಂಗಡಿಯ ಹಿಂದಿನ ಕೋಣೆಯಲ್ಲಿ ಕಾಲಿನಿಂದ ತುಳಿಯುವ ಒಂದು ಮುದ್ರಣ ಯಂತ್ರ ಇಟ್ಟುಕೊಂಡಿದ್ದರು. ಮೊದಲ ಸಂಚಿಕೆ ನಾಲ್ಕು ಪುಟ. ಮಧ್ಯಾಹ್ನದ ಮೇಲೆ ಉಳಿದದ್ದು ಒಂದೂಕಾಲು. ಅವರು ಯಂತ್ರವನ್ನು ದೂರಲಿಲ್ಲ. ಮರುದಿನ ಇಬ್ಬರು ವರದಿಗಾರರನ್ನು ಅದೇ ಸುದ್ದಿಗಳಿಗೆ ಮತ್ತೆ ಓಡಿಸಿದರು. ಆ ವಾರವೇ ಗೋಡೆಯ ಮೇಲೆ ಒಂದು ನಿಯಮ ಬರೆಸಿದರು: ‘ತಿಳಿದದ್ದನ್ನು ಅಚ್ಚು ಹಾಕು. ತಿಳಿಯಲೆಂದು ಅಚ್ಚು ಹಾಕಬೇಡ.’ ಉಳಿಯುತ್ತದೋ ನೋಡೋಣ ಎಂದು ಏನನ್ನಾದರೂ ಹಾಕಿದ ವರದಿಗಾರನಿಗೆ ನಮ್ಮಲ್ಲಿ ಅದೇ ದಿನ ಕೆಲಸ ಹೋಗುತ್ತದೆ. ಈವರೆಗೆ ನಾಲ್ವರಿಗೆ ಹೋಗಿದೆ.

ಉಳಿದ ಸಾಲಿಗೆ ಊರಿನಲ್ಲಿರುವ ಬೆಲೆ ನ್ಯಾಯಾಲಯದ ತೀರ್ಪಿಗೂ ಇಲ್ಲ. ಶಾಲೆಗೆ ಸೇರಿಸಲು, ಗಡಿಕಲ್ಲಿನ ಜಗಳಕ್ಕೆ, ಗಂಡು ನೋಡಲು, ಎಲ್ಲಕ್ಕೂ ‘ಉಳಿಕೆ ಪ್ರತಿ’ ಬೇಕು. ಅಂದರೆ ಮಧ್ಯಾಹ್ನದ ಮೇಲೆ ನಮ್ಮ ಕಚೇರಿಯಲ್ಲಿ ಮೊಹರು ಒತ್ತಿ ಕೊಡುವ ಹಾಳೆ. ಹದಿನೆಂಟು ವರ್ಷ ವರದಿಗಾರಳಾಗಿದ್ದ ನನ್ನನ್ನು ಆರು ವರ್ಷಗಳ ಹಿಂದೆ ಉಳಿಕೆ ವಿಭಾಗಕ್ಕೆ ಹಾಕಿದರು. ಪ್ರತಿದಿನ ಹನ್ನೆರಡಕ್ಕೆ ಪತ್ರಿಕೆಯನ್ನು ಮೊದಲಿನಿಂದ ಕೊನೆವರೆಗೆ ಓದುವುದು, ಹೋದದ್ದನ್ನು ಪಟ್ಟಿ ಮಾಡುವುದು, ಉಳಿದದ್ದಕ್ಕೆ ಮೊಹರು ಒತ್ತುವುದು ನನ್ನ ಕೆಲಸ.

ಅದೇ ಹನ್ನೆರಡಕ್ಕೆ ಊರಿನ ಏಳು ವೃತ್ತಗಳಲ್ಲಿ ಏಳು ಜನ ಕಟ್ಟೆ ಹತ್ತಿ ಪತ್ರಿಕೆಯನ್ನು ಗಟ್ಟಿಯಾಗಿ ಓದುತ್ತಾರೆ. ಅವರದ್ದೊಂದು ಅಭ್ಯಾಸವಿದೆ. ‘ಎಂದು ಅಧ್ಯಕ್ಷರು ತಿಳಿಸಿದರು’, ‘ಎಂದು ಪೊಲೀಸರು ಹೇಳಿದ್ದಾರೆ’ ಎಂಬ ಬಾಲಗಳನ್ನು ಬಿಟ್ಟು ಓದುತ್ತಾರೆ. ಉಸಿರು ಉಳಿಯುತ್ತದೆ ಎಂದು ಒಬ್ಬರು ನನಗೆ ಹೇಳಿದ್ದರು. ಮಾತು ಉಳಿದುಕೊಂಡ ಮೇಲೆ ಯಾರು ಹೇಳಿದರೇನು ಎಂದು ಇನ್ನೊಬ್ಬರು ಹೇಳಿದ್ದರು. ಅವರನ್ನು ಕೇಳಿ ಕೇಳಿ ಮನೆಯಲ್ಲಿ ಓದುವವರೂ ಬಾಲ ಬಿಟ್ಟೇ ಓದುತ್ತಾರೆ. ನನ್ನ ಕಥೆ ಇರುವುದು ಆ ಬಾಲದಲ್ಲಿ.

ಸೋಮವಾರ ಹತ್ತೂವರೆಗೆ ಇಪ್ಪತ್ಮೂರು ವರ್ಷದ ಒಬ್ಬ ಹುಡುಗಿ ನಮ್ಮ ಕಿಟಕಿಗೆ ಬಂದಳು. ಹೆಸರು ಸರಿತಾ. ಕೈಯಲ್ಲಿ ಮೂವತ್ತೊಂದು ವರ್ಷ ಹಿಂದಿನ ಉಳಿಕೆ ಪ್ರತಿ.

“ಅಕ್ಕ, ಇದನ್ನ ವಾಪಸ್ ತಗೊಳ್ಳೋಕೆ ಬರುತ್ತಾ?” ಎಂದಳು.

“ಕೊಡೋದಷ್ಟೇ ನಮ್ಮ ಕೆಲಸ. ಯಾಕೆ?”

“ಕೆರೆ ತೂಬಿನ ಕೆಲಸಕ್ಕೆ ಅರ್ಜಿ ಹಾಕಿದೀನಿ. ಪರೀಕ್ಷೇಲಿ ನಾನೇ ಫಸ್ಟ್. ಪುರಸಭೆ ಗುಮಾಸ್ತರು ಇದರದೇ ಇನ್ನೊಂದು ಪ್ರತಿನ ನನ್ನ ಫೈಲಿಗೆ ಚುಚ್ಚಿ ಕೂತಿದಾರೆ. ಶುಕ್ರವಾರ ಮೂರು ಗಂಟೆಗೆ ಸಂದರ್ಶನ. ಹೋಗದೆ ಇದ್ರೂ ನಡಿಯುತ್ತೆ ಕಣಮ್ಮ ಅಂದ್ರು.”

ನಾನು ಓದಿದೆ. ಆಗಸ್ಟ್ ಹನ್ನೆರಡರ ರಾತ್ರಿ ಕೆರೆ ಏರಿ ಒಡೆದು ಕೆಳಗಿನ ಪೇಟೆಯಲ್ಲಿ ಏಳು ಜನ ಸತ್ತ ಸುದ್ದಿ ಅದು. ಕೆರೆ ತುಂಬಿದಾಗ ತೂಬು ಎತ್ತಿ ನೀರನ್ನು ಹೊರಗೆ ಬಿಡುವುದು ತೂಬಿನ ಕಾವಲಿನವರ ಕೆಲಸ. ಸುದ್ದಿಯ ಕೊನೆಯಲ್ಲಿ ಹೀಗಿತ್ತು: ‘ತೂಬಿನ ಕಾವಲಿನ ಹಾಲಮ್ಮ ಆ ರಾತ್ರಿ ಕೆಲಸದಲ್ಲಿ ಇರಲಿಲ್ಲ ಎಂದು ಪುರಸಭೆ ಎಂಜಿನಿಯರು ತಿಳಿಸಿದರು.’

“ಹಾಲಮ್ಮ ನಮ್ಮಜ್ಜಿ. ಅಜ್ಜಿ ಅಲ್ಲೇ ಇತ್ತು ಅಕ್ಕ. ಆದ್ರೆ ನಿಮ್ಮ ಪೇಪರ್‌ನಲ್ಲಿ ಉಳಿದುಬಿಟ್ಟಿದೆಯಲ್ಲ, ಇನ್ನ್ಯಾರ ಹತ್ರ ಹೇಳೋಣ?”

ಆ ಸಾಲು ಉಳಿದದ್ದರಲ್ಲಿ ಆಶ್ಚರ್ಯವಿರಲಿಲ್ಲ. ಎಂಜಿನಿಯರು ಹಾಗೆ ಹೇಳಿದ್ದು ನಿಜ. ಪತ್ರಿಕೆ ಅಚ್ಚು ಹಾಕಿದ್ದು ಅವರು ಹೇಳಿದರು ಎಂಬುದನ್ನು. ಅದು ಅಳಿಸಲು ಕಾರಣವೇ ಇಲ್ಲ. ವರದಿಗಾರರಿಗೆಲ್ಲ ಇದು ಗೊತ್ತು. ಪುರಸಭೆಯವರಿಗೂ ಗೊತ್ತು, ಹೇಳಿಕೆಯ ರೂಪದಲ್ಲಲ್ಲದೆ ಅವರು ನಮಗೆ ಏನನ್ನೂ ಕೊಡುವುದಿಲ್ಲ. ಊರಿಗೆ ಮಾತ್ರ ನಾವು ಇದನ್ನು ಬಿಡಿಸಿ ಹೇಳಿರಲಿಲ್ಲ. ಯಾರೂ ಕೇಳಿರಲಿಲ್ಲ ಎಂಬುದು ನಮ್ಮ ಉತ್ತರವಾಗಿತ್ತು. ಆ ಉತ್ತರವನ್ನು ನಾನೂ ಹಲವು ಸಲ ಕೊಟ್ಟಿದ್ದೇನೆ.

ಅದೇ ವಾರ ನನ್ನ ಮೇಜಿನ ಮೇಲೆ ಇನ್ನೊಂದು ಕೆಲಸವಿತ್ತು. ಶುಕ್ರವಾರ ಪತ್ರಿಕೆಗೆ ತೊಂಬತ್ತು ತುಂಬುತ್ತಿತ್ತು. ಮೂರನೇ ಪುಟ ಪೂರ್ತಿ ಪತ್ರಿಕೆಯ ಚರಿತ್ರೆ, ಬರೆಯುವವಳು ನಾನು. ಸಂಪಾದಕ ರುದ್ರಮುನಿಯಪ್ಪನವರು ಬಸವಂತಪ್ಪನವರ ಮೊಮ್ಮಗ. ಅವರು ಒಂದೇ ಒಂದು ವಾಕ್ಯವನ್ನು ಕೇಳಿದ್ದರು: ‘ತೊಂಬತ್ತು ವರ್ಷಗಳಲ್ಲಿ ಈ ಪತ್ರಿಕೆಯಿಂದ ಊರು ಒಂದು ಸುಳ್ಳನ್ನೂ ನಂಬಲಿಲ್ಲ.’ ಭಾನುವಾರವೇ ಬರೆದಿಟ್ಟಿದ್ದೆ. ಸೋಮವಾರ ಸಂಜೆ ಅದರ ಕೆಳಗೆ ಪೆನ್ಸಿಲಿನಿಂದ ಗೆರೆ ಎಳೆದೆ.

ಮಂಗಳವಾರ ಬೆಳಿಗ್ಗೆ ಹಾಲಮ್ಮನವರ ಮನೆಗೆ ಹೋದೆ. ಅರವತ್ತೆಂಟು ವರ್ಷ, ನೆಟ್ಟಗಿದ್ದರು. ಕೆಲಸ ಹೋದ ಮೇಲೆ ಮಂಡಕ್ಕಿ ಭಟ್ಟಿಯಲ್ಲಿ ದುಡಿದವರು.

“ಹಗಲು ಪೇಪರಿನೋಳಾ? ನಿಮ್ಮ ಪೇಪರ್ ನಂಗೆ ಹೊಸದಲ್ಲ ಬಿಡವ್ವ. ಇಪ್ಪತ್ತೆಂಟು ವರ್ಷ ಅದ್ರಾಗೇ ಮಂಡಕ್ಕಿ ಪೊಟ್ಲ ಕಟ್ಟೀನಿ. ಓದಿಲ್ಲ ಅಷ್ಟೆ.”

“ಆ ರಾತ್ರಿ ಎಲ್ಲಿದ್ರಿ ಅಜ್ಜಿ?”

“ತೂಬಿನ ಮೇಲೆ. ತೂಬು ಎತ್ತೋ ತಿರುಗಣೆ ಐತಲ್ಲ, ಅದ್ರ ಹಿಡಿಕೆ ಬಿರುಕು ಬಿಟ್ಟಿತ್ತು. ಬೆಸುಗೆಗೆ ಅಂತ ಎಂಜಿನಿಯರ್ ಸಾಹೇಬ್ರೇ ಒಯ್ಸಿದ್ರು. ಹಿಡಿಕೆ ಇಲ್ದೆ ನಾನೇನು ಹಲ್ಲಿನಾಗೆ ಕಚ್ಚಿ ತಿರುವ್ಲಾ? ಗಂಟೆಗೊಂದ್ಸಲ ನೀರಿನ ಮಟ್ಟ ಬರ್ಕೊಂತ ಕುಂತೆ. ಮೂರು ಗಂಟೆಗೆ ಏರಿ ಹೋತು.”

ಅವರು ಪೆಟ್ಟಿಗೆಯಿಂದ ಒಂದು ಪುಸ್ತಕ ತೆಗೆದರು. ನೀರಿನ ಮಟ್ಟದ ಪುಸ್ತಕ. ನೆನೆದು ಒಣಗಿದ ಹಾಳೆಗಳು ಅಪ್ಪಳದಂತೆ ಸೊಟ್ಟಗಿದ್ದವು. ಹನ್ನೆರಡರ ಸಂಜೆ ಆರರಿಂದ ಬೆಳಗಿನ ಜಾವ ಮೂರರವರೆಗೆ ಹತ್ತು ಅಂಕಿ; ಒಂದೇ ಕೈಬರಹ.

“ಇದನ್ನ ಆಗಲೇ ತೋರಿಸಬಾರದಿತ್ತಾ?”

“ತೋರ್ಸಿದ್ನಲ್ಲ. ಯಾರಿಗೆ ತೋರಿಸ್ಬೇಕಿತ್ತೋ ಅವರಿಗೆ ಮಾರನೇ ದಿನ ಬೆಳಗ್ಗೇನೇ ತೋರ್ಸಿದ್ದೆ. ಆ ಏಳು ಮನೆಯೋರು ಇವತ್ತಿಗೂ ನನ್ನ ಕಂಡ್ರೆ ರಸ್ತೆ ದಾಟಿ ಆ ಕಡೆ ಹೋಗ್ತಾರೆ. ನಂದು ಮುಗೀತು ಬಿಡು. ಹುಡುಗಿಗೆ ಆ ಕೆಲ್ಸ ಸಿಗ್ಲಿ. ನೀರು ನೋಡೋದು ನಾನೇ ಕಲ್ಸೀನಿ ಅವ್ಳಿಗೆ.”

ಯಾರಿಗೆ ತೋರಿಸಿದಿರಿ ಎಂದು ನಾನು ಕೇಳಲಿಲ್ಲ. ಪುರಸಭೆಯವರಿಗೆ ಎಂದು ನಾನೇ ಅಂದುಕೊಂಡು ಟಿಪ್ಪಣಿ ಪುಸ್ತಕ ಮುಚ್ಚಿದೆ. ಇಪ್ಪತ್ನಾಲ್ಕು ವರ್ಷ ಈ ಕೆಲಸ ಮಾಡಿದವಳು ಬಿಡಬಾರದ ಪ್ರಶ್ನೆ ಅದು. ಬಿಟ್ಟೆ.

ಬುಧವಾರ ಪುರಸಭೆಯ ಕಾರ್ಯಾಗಾರಕ್ಕೆ ಹೋದೆ. ಆ ವರ್ಷದ ದಾಖಲೆ ಪುಸ್ತಕ ಟೈರುಗಳ ಹಿಂದೆ ಸಿಕ್ಕಿತು. ‘ತೂಬಿನ ತಿರುಗಣೆ ಹಿಡಿಕೆ, ಬಿರುಕು, ಬೆಸುಗೆಗೆ.’ ಬಂದದ್ದು ಆಗಸ್ಟ್ ಒಂಬತ್ತು, ವಾಪಸು ಹೋದದ್ದು ಹದಿನಾರು. ಎರಡೂ ಕಡೆ ಎಂಜಿನಿಯರ ಸಹಿ. ಅವರು ತೀರಿಕೊಂಡು ಹತ್ತು ವರ್ಷವಾಗಿದೆ. ಗುರುವಾರ ಬೆಳಿಗ್ಗೆ ರೈಲ್ವೆಯವರ ಬಳಿ ಹೋದೆ. ಕೆರೆಯ ಹಿನ್ನೀರಿನ ಮೇಲೆ ಅವರ ಸೇತುವೆಯಿದೆ. ಸೇತುವೆ ಕಾವಲಿನವರೂ ಆ ರಾತ್ರಿ ಗಂಟೆಗೊಮ್ಮೆ ಮಟ್ಟ ಬರೆದಿದ್ದರು. ಹಾಲಮ್ಮನವರಿಂದ ಕೇಳಿ ತಂದಿದ್ದ ಪುಸ್ತಕವನ್ನು ಅವರದರ ಪಕ್ಕದಲ್ಲಿಟ್ಟು ನೋಡಿದೆ. ಹತ್ತರಲ್ಲಿ ಹತ್ತೂ ಅಂಕಿಗಳು ತಾಳೆಯಾದವು. ಮನೆಯಲ್ಲಿ ಕುಳಿತು ಊಹಿಸಿ ಬರೆಯಲು ಬರುವ ಅಂಕಿಗಳಲ್ಲ ಅವು.

ಮಧ್ಯಾಹ್ನ ಎರಡಕ್ಕೆ ಸಂಪಾದಕರ ಕೋಣೆಗೆ ಹೋಗಿ ನಾಲ್ಕು ವಾಕ್ಯಗಳನ್ನು ಮುಂದಿಟ್ಟೆ. ಏರಿ ಒಡೆದ ರಾತ್ರಿ ಹಾಲಮ್ಮ ತೂಬಿನಲ್ಲಿ ಕೆಲಸದಲ್ಲಿದ್ದರು. ತೂಬು ಎತ್ತುವ ಹಿಡಿಕೆ ಆಗ ಕಾರ್ಯಾಗಾರದಲ್ಲಿತ್ತು. ಅವರು ಇರಲಿಲ್ಲ ಎಂಬ ಎಂಜಿನಿಯರ ಹೇಳಿಕೆಯನ್ನು ‘ಹಗಲು’ ಪರಿಶೀಲಿಸದೆ ಅಚ್ಚು ಹಾಕಿತು. ಹೇಳಿಕೆಯೆಂದು ಅಚ್ಚಾದ ಮಾತು ಹೇಳಿದ್ದಕ್ಕೆ ಮಾತ್ರ ಸಾಕ್ಷಿ, ಹೇಳಿದ ವಿಷಯಕ್ಕಲ್ಲ.

ಅವರು ಎರಡು ಸಲ ಓದಿದರು. ಎರಡನೇ ಸಲ ಬಹಳ ಹೊತ್ತು ಹಿಡಿಯಿತು. ಹಾಲಮ್ಮನವರ ಹೆಸರಿನ ಕಡೆಗೇ ನೋಡುತ್ತಿದ್ದಾರೆ ಅನ್ನಿಸಿತು. ಕನ್ನಡಕ ಬದಲಿಸಬೇಕಾಗಿದೆ ಎಂದುಕೊಂಡೆ.

“ನಾಗವೇಣಿ, ಕೊನೇ ವಾಕ್ಯ ಹಾಕಿದ್ರೆ ಏನಾಗುತ್ತೆ ಗೊತ್ತಾ? ಊರಿನೋರೆಲ್ಲ ಮನೇಲಿರೋ ಉಳಿಕೆ ಪ್ರತಿ ಎಲ್ಲಾ ಹೊರಗೆ ತೆಗೀತಾರೆ. ತೊಂಬತ್ತು ವರ್ಷದ್ದು.”

“ತೆಗೀಲಿ ಸಾರ್.”

“ಹಬ್ಬದ ದಿನ ಮನೆಗೆ ನಾವೇ ಕಲ್ಲು ಹೊಡ್ಕೊಂಡಂಗೆ ಆಗುತ್ತೆ. ಮುಂದಿನ ವಾರ ಒಳಪುಟದಲ್ಲಿ ಸಣ್ಣದಾಗಿ ಹಾಕೋಣ.”

“ನಾಳೆ ಮೂರು ಗಂಟೆಗೆ ಆ ಹುಡುಗಿಗೆ ಸಂದರ್ಶನ. ಹನ್ನೆರಡು ದಾಟಿದ ಪ್ರತಿ ಅವಳ ಕೈಯಲ್ಲಿರಬೇಕು. ಮುಂದಿನ ವಾರ ಆ ಕೆಲಸದಲ್ಲಿ ಇನ್ನೊಬ್ಬರು ಇರ್ತಾರೆ.”

“ಆಗಲ್ಲ ಅಂದ್ರೆ?”

“ಆಗಲ್ಲ ಅಂದ್ರೆ ನೀವು ಕೇಳಿದ ವಾಕ್ಯ ಹಾಕ್ತೀನಿ. ಊರು ಒಂದು ಸುಳ್ಳನ್ನೂ ನಂಬಲಿಲ್ಲ ಅನ್ನೋದು. ಆದ್ರೆ ಅದು ನಿಲ್ಲಲ್ಲ ಅಂತ ನಂಗೀಗ ಗೊತ್ತು. ತೊಂಬತ್ತನೇ ವರ್ಷದ ಪುಟದ ನಡುವೆ ಮಧ್ಯಾಹ್ನ ಖಾಲಿ ಜಾಗ ಬೀಳುತ್ತೆ. ಏಳು ಕಟ್ಟೆ ಮೇಲೂ ಅದನ್ನೇ ಓದ್ತಾರೆ.”

ಅವರು ಗೋಡೆಯ ಮೇಲಿನ ಅಜ್ಜನ ನಿಯಮದ ಕಡೆ ನೋಡಲಿಲ್ಲ. ಪೆನ್ನು ತೆಗೆದುಕೊಂಡರು. ನನ್ನ ನಾಲ್ಕು ವಾಕ್ಯಗಳಲ್ಲಿ ಒಂದು ಅಕ್ಷರವನ್ನೂ ಮುಟ್ಟದೆ, ಕೆಳಗೆ ಐದನೆಯದನ್ನು ಸೇರಿಸಿದರು: ‘ಈ ಸಂಗತಿ ಆಗ ಪತ್ರಿಕೆಗೆ ಗೊತ್ತಿರಲಿಲ್ಲ.’

“ಇಷ್ಟು ಇರಲಿ,” ಎಂದರು. “ಪತ್ರಿಕೆ ಮರ್ಯಾದೆಗೆ.”

ನ್ಯಾಯವಾದ ಬೇಡಿಕೆ ಅನ್ನಿಸಿತು. ನನ್ನ ಬಳಿ ಅದಕ್ಕೆ ಆಧಾರವೂ ಇರಲಿಲ್ಲ, ವಿರುದ್ಧವೂ ಇರಲಿಲ್ಲ. ತಿಳಿಯದೆ ಅಚ್ಚು ಹಾಕಬಾರದೆಂಬ ನಿಯಮವನ್ನು ನಾನು ಮುರಿದದ್ದು ಅಲ್ಲಿ. ಪುಟವನ್ನು ಮುದ್ರಣ ವಿಭಾಗದ ಮುಖ್ಯಸ್ಥರಾದ ಗೌಸ್ ಸಾಹೇಬರಿಗೆ ಕೊಟ್ಟೆ. ಅವರು ನಲವತ್ತು ವರ್ಷದಿಂದ ಯಂತ್ರದ ಪಕ್ಕದಲ್ಲಿರುವವರು.

“ಏನಮ್ಮಾ, ಹುಟ್ಟುಹಬ್ಬದ ದಿನಾನೇ ಪೇಪರಿಗೆ ಕಿವಿ ಚುಚ್ಚಿಸ್ತಾ ಇದೀರ?” ಎಂದರು. ಓದಿ ಮುಗಿಸಿ, “ನೋವಾಗುತ್ತೆ. ಆದ್ರೂ ಚುಚ್ಚಿಸ್ಬೇಕು,” ಎಂದು ಒಳಗೆ ಒಯ್ದರು.

ಶುಕ್ರವಾರ ಹನ್ನೊಂದೂವರೆಗೇ ಸರಿತಾ ಕಿಟಕಿಯ ಬಳಿ ನಿಂತಿದ್ದಳು. ಒಳಗೆ ಬಾ ಎಂದರೂ ಬರಲಿಲ್ಲ. ಗೌಸ್ ಸಾಹೇಬರು ಕೈ ಒರೆಸಿಕೊಳ್ಳುತ್ತ ಬಂದು ನನ್ನ ಹಿಂದೆ ನಿಂತರು. ನಾನು ಮೂರನೇ ಪುಟವನ್ನು ಮೇಜಿನ ಮೇಲೆ ಹರಡಿದೆ. ಮೂರು ಆಧಾರಗಳಿದ್ದರೂ ನಾಲ್ಕು ವಾಕ್ಯಗಳನ್ನು ಮತ್ತೊಮ್ಮೆ ಓದಿದೆ. ನನ್ನ ಮೊದಲ ವರದಿಯ ಹನ್ನೊಂದು ಸಾಲುಗಳಲ್ಲಿ ನಾಲ್ಕು ಹೋಗಿದ್ದವು. ಆ ದಿನವೂ ನನಗೆ ಖಾತ್ರಿಯಿತ್ತು.

ಹನ್ನೆರಡು ಹೊಡೆಯಿತು. ಒಂದನೇ ಪುಟದಲ್ಲಿ ಒಂದು ಮಳೆಯ ಅಂಕಿ ಹೋಯಿತು. ಮೂರನೇ ಪುಟದಲ್ಲಿ ಏನೂ ಆಗಲಿಲ್ಲ. ಹನ್ನೆರಡು ಗಂಟೆ ಒಂದು ನಿಮಿಷ. ಎರಡು. ಹಾಲಮ್ಮನವರ ಹೆಸರು ಇದ್ದಲ್ಲೇ ಇತ್ತು. ಮೂರು. ಹಿಡಿಕೆ ಕಾರ್ಯಾಗಾರದಲ್ಲೇ ಇತ್ತು.

“ಉಳೀತು ಬಿಡಮ್ಮಾ,” ಎಂದು ಗೌಸ್ ಸಾಹೇಬರು ಹೇಳಿ ಮುಗಿಸುವಷ್ಟರಲ್ಲಿ ಐದನೇ ಸಾಲು ಹೋಯಿತು.

“ಅಕ್ಕ, ಏನೋ ಹೋಯ್ತು! ಏನು ಹೋಯ್ತು?” ಎಂದು ಸರಿತಾ ಕಿಟಕಿಯ ಸರಳು ಹಿಡಿದುಕೊಂಡಳು.

“ನಿಮ್ಮಜ್ಜಿದಲ್ಲ. ನಮ್ಮದು,” ಎಂದೆ.

ಆಗ ಮಂಗಳವಾರದ ಪ್ರಶ್ನೆ ನೆನಪಾಯಿತು. ಮೂರು ದಿನ ತಡವಾಗಿ ಕೇಳಿದೆ. “ಸರಿತಾ, ಏರಿ ಒಡೆದ ಮಾರನೇ ದಿನ ನಿಮ್ಮಜ್ಜಿ ಆ ಪುಸ್ತಕ ಯಾರಿಗೆ ತೋರಿಸಿದ್ರು?”

“ಇನ್ಯಾರಿಗೆ? ಇಲ್ಲಿಗೇ ಬಂದಿದ್ದಂತೆ. ಪೇಪರಿನೋರಿಗೆ. ನಿಮಗೆ ಹೇಳಿಲ್ವಾ?”

ಹೋದ ಸಾಲಿನ ಜಾಗ ಖಾಲಿ ಇದ್ದಂತೆಯೇ ಪ್ರತಿಗೆ ಮೊಹರು ಒತ್ತಿ ಅವಳ ಕೈಗೆ ಕೊಟ್ಟೆ. ಅವಳು ಎರಡೆರಡು ಮೆಟ್ಟಿಲು ಹಾರಿ ಇಳಿದಳು. ಹೊರಗೆ ವೃತ್ತದ ಕಟ್ಟೆಯ ಮೇಲೆ ಓದುವವನು ಮೂರನೇ ಪುಟಕ್ಕೆ ಬಂದಿದ್ದ. ಅವನು ಅಂದು ಬಾಲಗಳನ್ನೂ ಓದಿದ. ಕೊನೆಗೆ, “ಇಲ್ಲೊಂದು ಸಾಲು ಹೋಗಿದೆ. ಬೆಳಗ್ಗೆ ಯಾರಾದ್ರೂ ಓದಿದ್ದೋರು ಹೇಳಿ,” ಎಂದ. ಗುಂಪಿನಲ್ಲಿ ಯಾರೋ ಹೇಳಿದರು.

ಸಂಪಾದಕರ ಕೋಣೆಯ ಬಾಗಿಲು ತೆರೆದೇ ಇತ್ತು. ಅವರ ಮುಂದೆ ಮೂರನೇ ಪುಟ ಇತ್ತು.

“ಬಂದಿದ್ದಳು,” ಎಂದರು, ನಾನು ಕೇಳುವ ಮೊದಲೇ. “ಹದಿಮೂರನೇ ತಾರೀಕು, ಬೆಳಗ್ಗೆ ಏಳೂವರೆ. ನಮ್ಮಪ್ಪ ಸಂಪಾದಕರು, ನಾನು ವರದಿಗಾರ, ಇಪ್ಪತ್ತೇಳು ವರ್ಷ. ಪುಸ್ತಕ ಈ ಮೇಜಿನ ಮೇಲೇ ಇಟ್ಟಳು. ಹಾಳೆ ಒದ್ದೆಯಾಗಿದ್ವು. ತಿರುವಿ ನೋಡಿದೆ. ಅಂಕಿ ಎಲ್ಲಾ ಕಂಡ್ವು. ನಾಳೆ ವಿಚಾರಿಸ್ತೀನಿ ಹೋಗಮ್ಮ ಅಂದೆ. ಎಂಜಿನಿಯರು ಅಷ್ಟು ಖಡಾಖಂಡಿತವಾಗಿ ಹೇಳಿದ್ರು. ಅವರ ಮಾತು ಹಾಕಿದೆ.”

“ಮತ್ತೆ ನಾಳೆ?”

“ಸಾಲು ಉಳೀತಲ್ಲ. ಉಳಿದಮೇಲೆ ಅದೇ ನಿಜ ಇರಬೇಕು ಅನ್ಕೊಂಡೆ. ಊರಿಗೆ ಆದ ತಪ್ಪೇ ನನಗೂ ಆಯ್ತು.”

“ಊರಿಗೆ ಯಾರೂ ಪುಸ್ತಕ ತೋರಿಸಿರಲಿಲ್ಲ ಸಾರ್.”

ಅವರು ಹೌದೆಂದು ತಲೆಯಾಡಿಸಿದರು.

“ಹೋಗುತ್ತೆ ಅಂತ ಗೊತ್ತಿದ್ದೂ ಆ ಐದನೇ ಸಾಲು ಯಾಕೆ ಬರೆದ್ರಿ?”

“ಉಳಿಯುತ್ತೆ ಅನ್ಕೊಂಡಿದ್ದೆ ಕಣಮ್ಮ,” ಎಂದರು. “ಮೂವತ್ತೊಂದು ವರ್ಷ ನನಗೆ ನಾನೇ ಹೇಳ್ಕೊಂಡು ಬಂದಿದ್ದು. ಉಳಿಯುತ್ತೆ ಅಂತಾನೇ ಅನ್ಕೊಂಡಿದ್ದೆ.”

ನಾನೂ ಆಧಾರ ನೋಡದೆ ಅದನ್ನು ಅಚ್ಚಿಗೆ ಕಳಿಸಿದ್ದೆ ಎಂದೆ. ನಿಯಮದ ಪ್ರಕಾರ ನನ್ನ ಕೆಲಸ ಅಂದೇ ಹೋಗಬೇಕಿತ್ತು ಎಂದೂ ಹೇಳಿದೆ. ಅವರು, “ಹಂಗಾದ್ರೆ ಇಬ್ಬರೂ ಹೋಗ್ಬೇಕಾಗುತ್ತೆ. ನಾಳೆ ಪೇಪರ್ ಯಾರು ತರ್ತಾರೆ? ಕೂತ್ಕೋ,” ಎಂದು ಒಂದು ಬಿಳಿ ಹಾಳೆ ಎಳೆದುಕೊಂಡರು. ಬರೆದು ನನ್ನ ಕಡೆ ತಿರುಗಿಸಿದರು. ನಾನು ಓದಿ, ಇದಕ್ಕೆ ಆಧಾರ ಯಾರು ಎಂದು ಕೇಳಿದೆ. “ನಾನು,” ಎಂದರು. ಅದನ್ನು ಟಿಪ್ಪಣಿ ಪುಸ್ತಕದಲ್ಲಿ ಬರೆದುಕೊಂಡೆ, ತಾರೀಕು ಹಾಕಿದೆ.

ಸಂದರ್ಶನದ ವಿಷಯವನ್ನು ಸರಿತಾ ಸಂಜೆ ಬಂದು ಹೇಳಿದಳು. ಹಾಲಮ್ಮನವರೂ ಮಟ್ಟದ ಪುಸ್ತಕ ಹಿಡಿದುಕೊಂಡು ಅವಳ ಜೊತೆ ಹೋಗಿ ಬಾಗಿಲ ಹೊರಗೆ ಕುಳಿತಿದ್ದರಂತೆ. ಗುಮಾಸ್ತರು ಫೈಲಿನಲ್ಲಿದ್ದ ಹಳೆಯ ಪ್ರತಿಯ ಮೇಲೆ ಹೊಸದನ್ನು ಚುಚ್ಚಿದರು. ಪುರಸಭೆ ಅಧ್ಯಕ್ಷರು ಒಂದೇ ಪ್ರಶ್ನೆ ಕೇಳಿದರು: “ತೂಬಿನ ಹಿಡಿಕೆ ಇಲ್ಲ ಅಂದ್ರೆ ಏನ್ಮಾಡ್ತೀಯಮ್ಮ?”

“ಏನಂದೆ?”

“ಹಿಡಿಕೆ ಇಲ್ದೆ ಡ್ಯೂಟಿನೇ ತಗೊಳಲ್ಲ ಸಾರ್, ಬರೆದು ಸಹಿ ಮಾಡ್ಕೊಡಿ ಅಂದೆ. ಹೊರಗಿಂದ ಅಜ್ಜಿ ಜೋರಾಗಿ ನಗ್ತು.”

ಶನಿವಾರದ ಪತ್ರಿಕೆಯಲ್ಲಿ ಮೂರನೇ ಪುಟದ ಅದೇ ಜಾಗದಲ್ಲಿ ಸಂಪಾದಕರ ಹೆಸರಿನ ಮೇಲೆ ಒಂದು ಸಾಲು ಬಂತು: ‘ಈ ಸಂಗತಿ ಆಗ ಪತ್ರಿಕೆಗೆ ಗೊತ್ತಿತ್ತು.’ ಹನ್ನೆರಡು ಗಂಟೆ ನಾಲ್ಕು ನಿಮಿಷಕ್ಕೆ ನೋಡಿದೆ, ಹನ್ನೆರಡೂವರೆಗೆ ಮತ್ತೆ ನೋಡಿದೆ. ಇತ್ತು. ಒಂದು ಗಂಟೆಯ ಹೊತ್ತಿಗೆ ನನ್ನ ಕಿಟಕಿಯ ಮುಂದೆ ನಲವತ್ತೊಂದು ಜನ ಹಳೆಯ ಉಳಿಕೆ ಪ್ರತಿಗಳನ್ನು ಹಿಡಿದು ನಿಂತಿದ್ದರು. ಎಲ್ಲರದ್ದೂ ಒಂದೇ ಪ್ರಶ್ನೆ: ಇದನ್ನು ಹೇಳಿದ್ದು ಯಾರು? ಒಬ್ಬೊಬ್ಬರ ಹೆಸರು, ಪ್ರತಿಯ ತಾರೀಕು ಬರೆದುಕೊಂಡೆ. ಹದಿನೇಳನೆಯವರು ಕೆಳಗಿನ ಪೇಟೆಯ ಆ ಏಳು ಮನೆಗಳಲ್ಲಿ ಒಂದರವರು. ಪ್ರತಿ ತಂದಿರಲಿಲ್ಲ, ಹಾಲಮ್ಮನವರ ಮನೆಗೆ ದಾರಿ ಕೇಳಿದರು.

ಸರಿತಾ ಸೋಮವಾರ ಬೆಳಿಗ್ಗೆ ಆರು ಗಂಟೆಗೆ ತೂಬಿನ ಕೆಲಸಕ್ಕೆ ಹಾಜರಾದಳು. ಹಿಡಿಕೆ ಅದರ ಗೂಟದಲ್ಲಿತ್ತು.